ಮತ್ತೊಂದು ಅವಧಿ ಕೇಳುವವರಿಗೆ ಕನ್ನಡ ಶಾಲೆಯ ಪ್ರಶ್ನೆಗಳು

ಕೇರಳದ ಹದಿನೈದನೆಯ ವಿಧಾನಸಭೆ ಮೊದಲು ಸಮಾವೇಶಗೊಂಡದ್ದು 2021ರ ಮೇ 24ರಂದು. ಸಂವಿಧಾನದ 172ನೆಯ ಅನುಚ್ಛೇದದ ಪ್ರಕಾರ ವಿಧಾನಸಭೆಯ ಅವಧಿ ಆ ದಿನದಿಂದ ಐದು ವರ್ಷ. ಅಂದರೆ 2026ರ ಮೇ ತಿಂಗಳೊಳಗೆ ಹೊಸ ಸಭೆ ಬರಬೇಕು. 2016ರಿಂದ ಮುಖ್ಯಮಂತ್ರಿಯಾಗಿರುವ ಪಿಣರಾಯಿ ವಿಜಯನ್ ಅವರ ಸರಕಾರ ಸತತ ಮೂರನೆಯ ಅವಧಿಗೆ ಜನರ ಮುಂದೆ ಬರುತ್ತಿದೆ. ಕಾಸರಗೋಡು ಕ್ಷೇತ್ರವನ್ನು ಎನ್.ಎ. ನೆಲ್ಲಿಕ್ಕುನ್ನು ಅವರು 2011ರಿಂದ, ಮಂಜೇಶ್ವರವನ್ನು ಎ.ಕೆ.ಎಂ. ಅಶ್ರಫ್ ಅವರು 2021ರಿಂದ ಪ್ರತಿನಿಧಿಸುತ್ತಿದ್ದಾರೆ. ಅಭ್ಯರ್ಥಿಗಳು ಅವರೇ ಆಗಲಿ, ಪಕ್ಷಗಳು ಬೇರೆಯವರನ್ನು ನಿಲ್ಲಿಸಲಿ, ಮತ ಕೇಳಲು ಮನೆಗೆ ಬರುವವರ ಹಿಂದೆ ದೀರ್ಘಕಾಲದ ಅಧಿಕಾರದ ಒಂದು ದಾಖಲೆ ಇದೆ. ಆ ದಾಖಲೆಯನ್ನು ಕನ್ನಡ ಮಾಧ್ಯಮ ಶಾಲೆಗೆ ಮಕ್ಕಳನ್ನು ಕಳುಹಿಸುವ ಹೆತ್ತವರು ಹೇಗೆ ಓದಬೇಕು ಎಂಬುದಷ್ಟೇ ಈ ಲೇಖನದ ವಿಷಯ. ಮತ ಯಾರಿಗೆ ಎಂಬುದು ಅವರವರ ವಿವೇಕಕ್ಕೆ ಬಿಟ್ಟದ್ದು.

ನೆರೆಯ ಎರಡು ಕ್ಷೇತ್ರ, ಎರಡು ಚರಿತ್ರೆ

ಕಾಸರಗೋಡು ಕ್ಷೇತ್ರದಲ್ಲಿ ಸಿ.ಟಿ. ಅಹಮ್ಮದ್ ಆಲಿ ಅವರು 1980ರಿಂದ 2006ರವರೆಗೆ ನಡೆದ ಏಳು ಚುನಾವಣೆಗಳಲ್ಲಿ ಸತತವಾಗಿ ಗೆದ್ದರು. ಅನಂತರ ನೆಲ್ಲಿಕ್ಕುನ್ನು ಅವರು 2011, 2016 ಮತ್ತು 2021ರಲ್ಲಿ ಗೆದ್ದರು. ಹೀಗೆ ನಲವತ್ತೈದು ವರ್ಷಗಳಿಗೂ ಮೀರಿದ ಕಾಲದಲ್ಲಿ ಈ ಕ್ಷೇತ್ರ ಕಂಡದ್ದು ಇಬ್ಬರೇ ಶಾಸಕರನ್ನು.

ಮಂಜೇಶ್ವರದ ಕಥೆ ಬೇರೆ. 1957ರಲ್ಲಿ ಎಂ. ಉಮೇಶ ರಾವ್ ಅವರು ಇಲ್ಲಿಂದ ಅವಿರೋಧವಾಗಿ ಆಯ್ಕೆಯಾದರು. ಕರ್ನಾಟಕದಲ್ಲಿ ವಿಲೀನಗೊಳ್ಳಬೇಕೆಂಬ ಬೇಡಿಕೆಯ ಕಾಲದಲ್ಲಿ ಕಳ್ಳಿಗೆ ಮಹಾಬಲ ಭಂಡಾರಿ ಅವರು ಗೆದ್ದರು. ಚೆರ್ಕಳಂ ಅಬ್ದುಲ್ಲ ಅವರು 1987ರಿಂದ ನಾಲ್ಕು ಬಾರಿ ಸತತವಾಗಿ ಆರಿಸಿಬಂದು ಮಂತ್ರಿಯೂ ಆದರು. 2006ರಲ್ಲಿ ಅದೇ ಮತದಾರರು ಅವರನ್ನು ಸೋಲಿಸಿದರು. 2016ರಲ್ಲಿ ಪಿ.ಬಿ. ಅಬ್ದುಲ್ ರಝಾಕ್ ಅವರ ಗೆಲುವಿನ ಅಂತರ ಕೇವಲ 89 ಮತ. 2021ರಲ್ಲಿ ಅಶ್ರಫ್ ಅವರ ಅಂತರ 745 ಮತ.

ಒಬ್ಬ ವ್ಯಕ್ತಿ ಎಷ್ಟು ಬಾರಿ ಶಾಸಕನಾಗಬಹುದು ಎಂಬುದಕ್ಕೆ ನಮ್ಮ ಸಂವಿಧಾನ ಮಿತಿ ಹಾಕಿಲ್ಲ. ಮಿತಿ ಹಾಕುವ ಅಧಿಕಾರವನ್ನು ಅದು ಮತದಾರನ ಕೈಯಲ್ಲೇ ಇಟ್ಟಿದೆ. ದೀರ್ಘಾವಧಿ ತಾನಾಗಿ ಗುಣವೂ ಅಲ್ಲ, ದೋಷವೂ ಅಲ್ಲ. ಹಳಬರಿಗೆ ತಿರುವನಂತಪುರದ ಯಾವ ಕಡತ ಯಾವ ಮೇಜಿನಲ್ಲಿ ನಿಲ್ಲುತ್ತದೆ ಎಂಬುದು ತಿಳಿದಿರುತ್ತದೆ. ಆದರೆ ವರ್ಷಗಳು ಕಳೆದಂತೆ ಮತದಾರ ಮತ್ತು ಶಾಸಕರ ಸಂಬಂಧ ಉಪಕಾರದ ಸಂಬಂಧವಾಗಿ ಮಾರ್ಪಡುವ ಅಪಾಯವೂ ಇದೆ. ಮದುವೆಗೆ ಬಂದರು, ಮರಣದ ಮನೆಗೆ ಬಂದರು, ಆಸ್ಪತ್ರೆಗೆ ಶಿಫಾರಸು ಪತ್ರ ಕೊಟ್ಟರು ಎಂಬ ಕೃತಜ್ಞತೆ ಸಹಜವಾದದ್ದು. ಆದರೆ ಆ ಕೃತಜ್ಞತೆಯ ಭಾರದಲ್ಲಿ ಶಾಲೆಯ ಲೆಕ್ಕ ಕೇಳುವುದನ್ನು ನಾವು ಮರೆಯಬಾರದು.

ಕಾನೂನು ಕೊಟ್ಟದ್ದೆಷ್ಟು?

ಭಾಷಾ ಅಲ್ಪಸಂಖ್ಯಾತರ ಮಕ್ಕಳಿಗೆ ಪ್ರಾಥಮಿಕ ಹಂತದಲ್ಲಿ ಮಾತೃಭಾಷೆಯ ಶಿಕ್ಷಣಕ್ಕೆ ಸಾಕಷ್ಟು ಸೌಲಭ್ಯ ಒದಗಿಸಬೇಕೆಂದು ಹೇಳುವ 350ಎ ಅನುಚ್ಛೇದ ಏಳನೆಯ ತಿದ್ದುಪಡಿಯ ಮೂಲಕ ಜಾರಿಗೆ ಬಂದದ್ದು 1956ರ ನವೆಂಬರ್ 1ರಂದು. ನಾವು ಕೇರಳಕ್ಕೆ ಸೇರಿದ್ದೂ ಅದೇ ದಿನ. ಆದರೆ ಆ ಅನುಚ್ಛೇದದ ಮಾತನ್ನು ಗಮನಿಸಬೇಕು: ಸೌಲಭ್ಯ ಒದಗಿಸಲು ರಾಜ್ಯವೂ ಸ್ಥಳೀಯ ಸಂಸ್ಥೆಯೂ ಪ್ರಯತ್ನಿಸತಕ್ಕದ್ದು ಎಂದಷ್ಟೇ ಅದು ಹೇಳುತ್ತದೆ. ಪ್ರಯತ್ನದ ಪ್ರಮಾಣವನ್ನು ನ್ಯಾಯಾಲಯ ಅಳೆಯುವುದು ಕಷ್ಟ. ಜನಪ್ರತಿನಿಧಿಯ ಮೂಲಕ ಅಳೆಯುವುದು ಸಾಧ್ಯ.

1969ರ ಕೇರಳ ಅಧಿಕೃತ ಭಾಷಾ ಕಾಯ್ದೆಯಂತೆ ಕನ್ನಡ ಮತ್ತು ತಮಿಳು ಅಲ್ಪಸಂಖ್ಯಾತರು ಸರಕಾರದೊಂದಿಗೂ ತಮ್ಮ ಪ್ರದೇಶದ ಸರಕಾರಿ ಕಚೇರಿಗಳೊಂದಿಗೂ ತಮ್ಮ ಭಾಷೆಯಲ್ಲೇ ಪತ್ರವ್ಯವಹಾರ ಮಾಡಬಹುದು. ಉತ್ತರವೂ ಅದೇ ಭಾಷೆಯಲ್ಲಿ ಬರಬೇಕು. ಹಾಗಿದ್ದರೂ, ಒಂದರಿಂದ ಹತ್ತನೆಯ ತರಗತಿಯವರೆಗೆ ಮಲಯಾಳ ಕಲಿಕೆಯನ್ನು ಕಡ್ಡಾಯಗೊಳಿಸುವ ಕಾನೂನು 2017ರಲ್ಲಿ ಬಂದಾಗ ಇಲ್ಲಿಯ ಕನ್ನಡಿಗರು ಬೀದಿಗಿಳಿಯಬೇಕಾಯಿತು. ಕನ್ನಡ ತಿಳಿಯದ ಅಧ್ಯಾಪಕರನ್ನು ಕನ್ನಡ ಮಾಧ್ಯಮದ ತರಗತಿಗೆ ನೇಮಿಸಿದ ಪ್ರಕರಣಗಳು ಪ್ರತಿಭಟನೆಗೂ ನ್ಯಾಯಾಲಯಕ್ಕೂ ಹೋದವು. ಬರೆದ ಕಾನೂನಿಗೂ ತರಗತಿಯ ಕೋಣೆಗೂ ನಡುವಿನ ಈ ಅಂತರವನ್ನು ಕಿರಿದುಗೊಳಿಸುವುದು ಶಾಸಕರ ಕೆಲಸ.

ಶಾಸಕರಿಂದ ಆಗುವುದು, ಆಗದಿರುವುದು

ಶಾಸಕರ ನಿಧಿಯಿಂದ ಶಾಲೆಗೆ ಕಟ್ಟಡ ಬರಬಹುದು. ಅಧ್ಯಾಪಕರ ಹುದ್ದೆ ಬರುವುದಿಲ್ಲ. ಹುದ್ದೆ ನಿರ್ಣಯವಾಗುವುದು ಶಾಲೆ ತೆರೆದ ಆರನೆಯ ಕೆಲಸದ ದಿನದ ಮಕ್ಕಳ ಲೆಕ್ಕದ ಮೇಲೆ. ಆಯ್ಕೆ ಮಾಡುವುದು ಲೋಕಸೇವಾ ಆಯೋಗ. ಇವೆರಡರಲ್ಲೂ ಶಾಸಕರು ನೇರವಾಗಿ ಕೈಹಾಕುವಂತಿಲ್ಲ. ಆದ್ದರಿಂದ ಅಧ್ಯಾಪಕರನ್ನು ಕೊಡಿಸುತ್ತೇನೆ ಎಂಬ ಭರವಸೆಯನ್ನೂ ಅಧ್ಯಾಪಕರನ್ನು ಕೊಡಿಸಲಿಲ್ಲ ಎಂಬ ಆರೋಪವನ್ನೂ ಎಚ್ಚರದಿಂದ ಕೇಳಬೇಕು.

ಆದರೆ ಶಾಸಕರ ಕೈಯಲ್ಲಿರುವ ಸಾಧನಗಳು ಕಡಿಮೆಯವಲ್ಲ. ಖಾಲಿ ಹುದ್ದೆ, ತಡವಾದ ಕನ್ನಡ ಪಠ್ಯಪುಸ್ತಕ, ನೇಮಕಾತಿಗೆ ಕನ್ನಡ ಜ್ಞಾನದ ಅರ್ಹತೆ ಇವುಗಳ ಬಗ್ಗೆ ಸದನದಲ್ಲಿ ಪ್ರಶ್ನೆ ಹಾಕಿದರೆ ಮಂತ್ರಿ ಉತ್ತರಿಸಬೇಕಾಗುತ್ತದೆ, ಉತ್ತರ ದಾಖಲೆಯಾಗಿ ಉಳಿಯುತ್ತದೆ. ಮಸೂದೆ ಬಂದಾಗ ತಿದ್ದುಪಡಿ ಸೂಚಿಸಬಹುದು, ಖಾಸಗಿ ಮಸೂದೆ ತರಬಹುದು. ಸದನದ ಭಾಷೆಗಳಲ್ಲಿ ಸರಿಯಾಗಿ ಮಾತನಾಡಲಾರದ ಸದಸ್ಯರಿಗೆ ಮಾತೃಭಾಷೆಯಲ್ಲಿ ಮಾತನಾಡಲು ಸಭಾಧ್ಯಕ್ಷರು ಅನುಮತಿ ಕೊಡಬಹುದೆಂದು 210ನೆಯ ಅನುಚ್ಛೇದ ಹೇಳುತ್ತದೆ. 2021ರಲ್ಲಿ ಅಶ್ರಫ್ ಅವರು ಕನ್ನಡದಲ್ಲಿ ಪ್ರಮಾಣವಚನ ಸ್ವೀಕರಿಸಿದಾಗ ಗಡಿನಾಡು ಸಂತೋಷಪಟ್ಟಿತು. ಆ ಸಂತೋಷ ನ್ಯಾಯವಾದದ್ದೇ. ಆದರೆ ಪ್ರಮಾಣವಚನ ಒಂದು ನಿಮಿಷದ್ದು, ಅವಧಿ ಐದು ವರ್ಷದ್ದು.

ಭಾಷೆಯ ವಿಷಯ ಕೇಳುವುದು ತಪ್ಪೇ?

ಚುನಾವಣೆಯ ಹೊತ್ತಿನಲ್ಲಿ ಭಾಷೆಯ ಮಾತೆತ್ತಿದರೆ ಕಾನೂನುಬಾಹಿರವಾದೀತೇ ಎಂಬ ಅಳುಕು ಅನೇಕ ಹೆತ್ತವರಲ್ಲಿದೆ. ಪ್ರಜಾಪ್ರತಿನಿಧಿತ್ವ ಕಾಯ್ದೆಯ 123(3)ನೆಯ ಕಲಮು ಧರ್ಮ, ಜಾತಿ, ಭಾಷೆ ಮೊದಲಾದವುಗಳ ಆಧಾರದಲ್ಲಿ ಮತ ಯಾಚಿಸುವುದನ್ನು ಭ್ರಷ್ಟ ಆಚರಣೆಯೆಂದು ಕರೆದಿದೆ. ಅಭ್ಯರ್ಥಿಯ ಭಾಷೆ ಮಾತ್ರವಲ್ಲ, ಮತದಾರನ ಭಾಷೆಯ ಹೆಸರಿನಲ್ಲಿ ಮತ ಕೇಳುವುದೂ ಇದರಲ್ಲಿ ಸೇರುತ್ತದೆಂದು 2017ರಲ್ಲಿ ಸುಪ್ರೀಂ ಕೋರ್ಟಿನ ಏಳು ನ್ಯಾಯಮೂರ್ತಿಗಳ ಪೀಠ ಬಹುಮತದಿಂದ ತೀರ್ಮಾನಿಸಿತು.

ಆದರೆ ಇದೇ ಕಲಮಿನ ಬಗ್ಗೆ ಇನ್ನೊಂದು ಹಳೆಯ ತೀರ್ಪಿದೆ. 1962ರ ಲೋಕಸಭಾ ಚುನಾವಣೆಯಲ್ಲಿ ಆಗಿನ ಪಂಜಾಬಿನಿಂದ ಗೆದ್ದ ಜಗದೇವ ಸಿಂಗ್ ಸಿದ್ಧಾಂತಿ ಅವರ ಆಯ್ಕೆಯನ್ನು ಹೈಕೋರ್ಟ್ ರದ್ದುಪಡಿಸಿತ್ತು. ಹಿಂದಿ ಚಳವಳಿಯ ಹೆಸರಿನಲ್ಲಿ ಮತ ಕೇಳಿದ್ದು ಆರೋಪಗಳಲ್ಲೊಂದು. ಸುಪ್ರೀಂ ಕೋರ್ಟ್ ಅದನ್ನು ಒಪ್ಪಲಿಲ್ಲ. ತಮ್ಮ ಭಾಷೆಯನ್ನು ಉಳಿಸಿಕೊಳ್ಳುವ ಹಕ್ಕನ್ನು 29ನೆಯ ಅನುಚ್ಛೇದ ಕೊಟ್ಟಿರುವುದರಿಂದ, ಮತದಾರರ ಭಾಷೆಯ ರಕ್ಷಣೆಗಾಗಿ ದುಡಿಯುತ್ತೇನೆಂದು ಮಾತು ಕೊಡುವುದು ಭ್ರಷ್ಟ ಆಚರಣೆಯಲ್ಲ ಎಂದಿತು. 'ನಾನು ಕನ್ನಡಿಗ, ಆದ್ದರಿಂದ ಮತ ಕೊಡಿ' ಎನ್ನುವುದು ಬೇರೆ. 'ಕನ್ನಡ ಶಾಲೆಯ ಹುದ್ದೆಗಳನ್ನು ತುಂಬಿಸಲು ಇಂತಿಂಥದ್ದನ್ನು ಮಾಡುತ್ತೇನೆ' ಎನ್ನುವುದು ಬೇರೆ. ಇನ್ನು ಮತದಾರ ತಾನಾಗಿ ಪ್ರಶ್ನೆ ಕೇಳುವುದಕ್ಕೆ ಈ ಕಲಮು ಅಡ್ಡಬರುವುದೇ ಇಲ್ಲ. ಅದು ಅಭ್ಯರ್ಥಿಗೂ, ಅವರ ಏಜೆಂಟರಿಗೂ, ಅವರ ಸಮ್ಮತಿಯಿಂದ ಪ್ರಚಾರ ಮಾಡುವವರಿಗೂ ಮಾತ್ರ ಅನ್ವಯಿಸುತ್ತದೆ.

ಕೇಳಬೇಕಾದ ಮೂರು ಮಾತು

ಮತ್ತೊಂದು ಅವಧಿ ಕೇಳುವವರಿಗೆ ಮೊದಲ ಪ್ರಶ್ನೆ: ಕಳೆದ ಐದು ವರ್ಷಗಳಲ್ಲಿ ಕನ್ನಡ ಮಾಧ್ಯಮ ಶಾಲೆಗಳ ಕುರಿತು ತಾವು ಅಥವಾ ತಮ್ಮ ಪಕ್ಷದವರು ಸದನದಲ್ಲಿ ಕೇಳಿದ ಪ್ರಶ್ನೆಗಳು ಯಾವುವು, ಬಂದ ಉತ್ತರವೇನು? ಎರಡನೆಯದು: ನಮ್ಮ ಉಪಜಿಲ್ಲೆಯಲ್ಲಿ ಮಂಜೂರಾದ ಕನ್ನಡ ಹುದ್ದೆಗಳಲ್ಲಿ ಖಾಲಿ ಎಷ್ಟು, ಕನ್ನಡ ತಿಳಿಯದವರು ಇರುವುದು ಎಷ್ಟರಲ್ಲಿ? ಮೂರನೆಯದು: ಕನ್ನಡ ಬಲ್ಲವರನ್ನೇ ನೇಮಿಸುವಂತೆ ನಿಯಮವನ್ನು ಬಿಗಿಗೊಳಿಸಲು ತಾವು ಯಾವ ಕ್ರಮ ಕೈಗೊಳ್ಳುತ್ತೀರಿ? ಹೊಸ ಅಭ್ಯರ್ಥಿಗಳಿಗೆ ಮೊದಲ ಪ್ರಶ್ನೆಯನ್ನು ಬಿಟ್ಟು ಉಳಿದೆರಡನ್ನು ಕೇಳಬೇಕು.

ಎರಡನೆಯ ಪ್ರಶ್ನೆಯ ಉತ್ತರವನ್ನು ಹೆತ್ತವರೇ ಮೊದಲು ತಿಳಿದಿಟ್ಟುಕೊಂಡರೆ ಒಳ್ಳೆಯದು. ಮಾಹಿತಿ ಹಕ್ಕು ಕಾಯ್ದೆಯಡಿ ಉಪಜಿಲ್ಲಾ ಶಿಕ್ಷಣಾಧಿಕಾರಿಯ ಕಚೇರಿಗೆ ಅರ್ಜಿ ಹಾಕಿದರೆ 30 ದಿನಗಳೊಳಗೆ ಮಾಹಿತಿ ಕೊಡಬೇಕು. ರಕ್ಷಕ-ಶಿಕ್ಷಕ ಸಂಘದ ಪದಾಧಿಕಾರಿಗಳಲ್ಲಿ ಯಾರಾದರೊಬ್ಬರು ತಮ್ಮ ಹೆಸರಿನಲ್ಲಿ ಇಂಥ ಅರ್ಜಿ ಹಾಕಬಹುದು. ಎಲ್ಲ ಪಕ್ಷಗಳ ಅಭ್ಯರ್ಥಿಗಳಿಗೂ ಒಂದೇ ಪ್ರಶ್ನಾಪಟ್ಟಿಯನ್ನು ಕೊಟ್ಟು, ಉತ್ತರವನ್ನು ಬರಹದಲ್ಲಿ ಪಡೆದರೆ ಪಕ್ಷಪಾತದ ಆರೋಪ ಬರದು. ಐದು ವರ್ಷಗಳ ಬಳಿಕ ಅದೇ ಕಾಗದವನ್ನು ಮುಂದಿಟ್ಟು ಮಾತನಾಡಲೂ ಸಾಧ್ಯ.

ಹದಿನೆಂಟು ತುಂಬಿದ ಮಕ್ಕಳ ಹೆಸರು ಮತದಾರರ ಪಟ್ಟಿಯಲ್ಲಿ ಇದೆಯೇ ಎಂದು ಈಗಲೇ ನೋಡಬೇಕು. ಇಲ್ಲದಿದ್ದರೆ ನಮೂನೆ 6ರಲ್ಲಿ ಅರ್ಜಿ ಕೊಡಬೇಕು. ನಮ್ಮ ಸಂಖ್ಯೆ ಸಣ್ಣದು, ನಮ್ಮ ಮಾತನ್ನು ಯಾರು ಕೇಳುತ್ತಾರೆ ಎಂದು ಹೇಳುವವರು 2016ರ ಮಂಜೇಶ್ವರದ ಆ 89 ಮತಗಳನ್ನು ನೆನೆಯಬೇಕು. ಒಂದು ಸಣ್ಣ ಪ್ರಾಥಮಿಕ ಶಾಲೆಯ ಹೆತ್ತವರ ಸಭೆಗೆ ಅಷ್ಟು ಜನ ಸೇರುತ್ತಾರೆ.