ಹೆಂಗಸರ ಬದುಕನ್ನು ಕಾಪಿಟ್ಟ ಎರಡು ಊರು

ವಿಜಯವಾಡವೆಂದರೆ ಕನಕದುರ್ಗೆ, ಕೃಷ್ಣೆ, ಪ್ರಕಾಶಂ ಬ್ಯಾರೇಜು. ಅದೇ ಊರಿನ ಬೆಂಜ್ ಸರ್ಕಲ್ ಬಳಿ ಒಂದು ನಾಸ್ತಿಕ ಕೇಂದ್ರವಿದೆ ಎಂದರೆ ಹುಬ್ಬೇರಿಸುವವರೇ ಹೆಚ್ಚು. ಗೋರಾ ಮತ್ತು ಸರಸ್ವತಿ ದಂಪತಿ 1940ರಲ್ಲಿ ಮುದುನೂರೆಂಬ ಹಳ್ಳಿಯಲ್ಲಿ ಕಟ್ಟಿದ ಕೇಂದ್ರವದು. 1947ರಲ್ಲಿ ಇಲ್ಲಿಗೆ ಬಂತು.

ಸರಸ್ವತಿಗೆ ಮದುವೆಯಾದಾಗ ಹತ್ತು ವರ್ಷ. ಮುಂದೆ ಬಸುರಿಯಾಗಿದ್ದಾಗಲೇ ಗ್ರಹಣ ನೋಡಿದರು, ಕೆಂಡ ಹಾಯ್ದರು, ಕ್ವಿಟ್ ಇಂಡಿಯಾ ಚಳವಳಿಯಲ್ಲಿ ಪುಟ್ಟ ಮಗನನ್ನು ಕರೆದುಕೊಂಡೇ ಜೈಲಿಗೆ ಹೋದರು. ಈ ಮನೆಯ ಚರಿತ್ರೆ ಓದಲು ಕಾಗದಪತ್ರವೂ ಬೇಡ, ಮಕ್ಕಳ ಹೆಸರು ಸಾಕು. ಉಪ್ಪಿನ ಸತ್ಯಾಗ್ರಹದ ವರ್ಷ ಹುಟ್ಟಿದವರು ಲವಣಂ, ಮಹಾಯುದ್ಧ ಶುರುವಾದ ವರ್ಷದವರು ಸಮರಂ, ಒಂಬತ್ತನೆಯವರು ನೌ. ಮಗಳು ಮನೋರಮಾ ದಲಿತ ಯುವಕ ಅರ್ಜುನರಾವ್ ಅವರನ್ನು ವರಿಸಿದರು. ಗಾಂಧೀಜಿ ಒಪ್ಪಿದ್ದ ಆ ಮದುವೆ, ಅವರು ತೀರಿಕೊಂಡ ಮೇಲೆ, 1948ರಲ್ಲಿ ಸೇವಾಗ್ರಾಮದಲ್ಲೇ ನಡೆಯಿತು. ಇನ್ನೊಬ್ಬ ಮಗಳು ಚೆನ್ನುಪಾಟಿ ವಿದ್ಯಾ 1969ರಲ್ಲಿ ವಾಸವ್ಯ ಮಹಿಳಾ ಮಂಡಳಿ ಕಟ್ಟಿದರು, ಎರಡು ಸಲ ವಿಜಯವಾಡದ ಸಂಸದೆಯಾದರು.

ಸರಸ್ವತಿಯವರ ಆತ್ಮಕಥೆಯ ಹೆಸರು ‘ಗೋರಾತೋ ನಾ ಜೀವಿತಂ’. ಇಷ್ಟೆಲ್ಲ ಮಾಡಿದವರ ಪುಸ್ತಕದ ಮೇಲೂ ಗಂಡನ ಹೆಸರೇ ಮೊದಲು ಬಂತಲ್ಲ ಎಂದು ನನಗೆ ಸಣ್ಣ ತಕರಾರಿದೆ. ಕರ್ನಾಟಕ ಸರ್ಕಾರ ಬಸವ ಪುರಸ್ಕಾರ ಕೊಟ್ಟು ಗೌರವಿಸಿದ್ದು ಇದೇ ಸರಸ್ವತಿ ಗೋರಾ ಅವರನ್ನು.

ಹೆಂಗಸರ ಚರಿತ್ರೆಯನ್ನು ಹೆಂಗಸೇ ಬರೆಯುವುದು ಈ ಸೀಮೆಗೆ ಹೊಸತಲ್ಲ. ಇಲ್ಲಿಗೆ ಸಮೀಪದ ನಂದಿಗಾಮ ಕಡೆಯ ಭಂಡಾರು ಅಚ್ಚಮಾಂಬ 1901ರಲ್ಲೇ ‘ಅಬಲಾ ಸಚ್ಚರಿತ್ರ ರತ್ನಮಾಲ’ ಪ್ರಕಟಿಸಿ, ದೇಶದ ಸ್ತ್ರೀಯರ ಜೀವನಚರಿತ್ರೆಗಳನ್ನು ಒಟ್ಟುಗೂಡಿಸಿದ್ದರು. ಬದುಕಿದ್ದು ಮೂವತ್ತು ಚಿಲ್ಲರೆ ವರ್ಷ.

ವಿಜಯವಾಡದಲ್ಲಿ ರೈಲು ಹತ್ತಿ ಸುಮಾರು 350 ಕಿಲೋಮೀಟರ್ ಹೋದರೆ ವಿಶಾಖಪಟ್ಟಣ. ಕೊಂಡಪಲ್ಲಿ ಕೋಟೇಶ್ವರಮ್ಮ ಕೊನೆಯ ವರ್ಷಗಳನ್ನು ಕಳೆದ ಊರು. ನಕ್ಸಲ್ ಸಂಘಟನೆ ಪೀಪಲ್ಸ್ ವಾರ್ ಸ್ಥಾಪಕ ಸೀತಾರಾಮಯ್ಯನವರ ಹೆಂಡತಿ ಎಂದೇ ಜನ ಅವರನ್ನು ಗುರುತಿಸುತ್ತಿದ್ದರು. ಬಾಲವಿಧವೆಯಾಗಿದ್ದು ಮರುಮದುವೆಯಾದವರು, ಮೈಮೇಲಿನ ಒಡವೆಯನ್ನು ಕಮ್ಯುನಿಸ್ಟ್ ಪಕ್ಷಕ್ಕೆ ಕೊಟ್ಟವರು, ಭೂಗತರಾಗಿ ಊರೂರು ಅಲೆದವರು. ಗಂಡ ಬಿಟ್ಟುಹೋದ ಮೇಲೆ ಓದು ಮುಂದುವರಿಸಿ ಕಾಕಿನಾಡದಲ್ಲಿ ಹಾಸ್ಟೆಲ್ ಮೇಟ್ರನ್ ಆದರು. ಮಗ ಚಳವಳಿಗೆ ಹೋದವನು ಮರಳಲಿಲ್ಲ, ಮಗಳೂ ತೀರಿಕೊಂಡಳು.

ಭೂಗತ ಬದುಕಿನಲ್ಲಿ ಫೋಟೊ ಇಟ್ಟುಕೊಳ್ಳುವುದೇ ಅಪಾಯ. ಅಂಥ ಬದುಕಿಗೆ ದಾಖಲೆಯೆಂದರೆ ನೆನಪೊಂದೇ. ಅದನ್ನು ಅವರು ತೊಂಬತ್ತು ದಾಟಿದ ಮೇಲೆ ‘ನಿರ್ಜನ ವಾರಧಿ’ ಎಂಬ ಆತ್ಮಕಥೆಯಾಗಿ ಕೊಟ್ಟರು; 2012ರಲ್ಲಿ ಹೈದರಾಬಾದ್ ಬುಕ್ ಟ್ರಸ್ಟ್ ಪ್ರಕಟಿಸಿತು. ನೂರು ತುಂಬಿದ ಕೆಲವೇ ವಾರಗಳಲ್ಲಿ, 2018ರ ಸೆಪ್ಟೆಂಬರ್ 19ರಂದು, ವಿಶಾಖಪಟ್ಟಣದಲ್ಲಿ ನಿಧನರಾದರು. ತೆಲುಗು ಬಲ್ಲವರು ಮೂಲವನ್ನೇ ಓದಿ. ಬಾರದವರಿಗೆ 2015ರ ಇಂಗ್ಲಿಷ್ ಅನುವಾದವಿದೆ.