ಸೇವಂತಿಗೆಯ ಶಾಸ್ತ್ರೀಯ ನಾಮ: ಒಂದು ಐತಿಹಾಸಿಕ ಪರಿಶೀಲನೆ

ಪೂಜೆಗೂ ಮುಡಿಗೂ ಸಲ್ಲುವ ಸೇವಂತಿಗೆಯನ್ನು ಅರಿಯದವರು ನಮ್ಮ ನಾಡಿನಲ್ಲಿ ವಿರಳ. ಆದರೆ ಅದರ ಶಾಸ್ತ್ರೀಯ ನಾಮವು ಒಮ್ಮೆ ಕೈತಪ್ಪಿ ಮರಳಿ ದೊರೆತ ಸಂಗತಿ ಅಷ್ಟು ಪ್ರಸಿದ್ಧವಲ್ಲ. ಅದನ್ನು ಇಲ್ಲಿ ಸಂಕ್ಷೇಪವಾಗಿ ವಿವೇಚಿಸುತ್ತೇವೆ.

ನಾವು ಒಂದು ಹೂವೆಂದು ಭಾವಿಸುವ ಸೇವಂತಿಗೆಯು ವಾಸ್ತವವಾಗಿ ಅನೇಕ ಕಿರುಹೂಗಳ ಸಮೂಹ. ಸೂರ್ಯಕಾಂತಿ, ಚೆಂಡುಹೂಗಳ ರಚನೆಯೂ ಇಂಥದೇ. ಆದುದರಿಂದ ಇವೆಲ್ಲವೂ ಆಸ್ಟರೇಸೀ ಕುಟುಂಬಕ್ಕೆ ಸೇರುತ್ತವೆ. ಈ ಕುಟುಂಬಕ್ಕೆ ಕಂಪೋಸಿಟೀ ಎಂಬ ಹಳೆಯ ಹೆಸರೂ ನಿಯಮಸಮ್ಮತವೇ.

ಸ್ವೀಡನ್ನಿನ ಲಿನೇಯಸ್ 1753ರಲ್ಲಿ ಪ್ರಕಟಿಸಿದ 'ಸ್ಪೀಷೀಸ್ ಪ್ಲಾಂಟಾರಮ್' ಗ್ರಂಥದಲ್ಲಿ ಕ್ರೈಸಾಂತಿಮಮ್ ಎಂಬ ಜಾತಿಯನ್ನು ನಿರೂಪಿಸಿದನು. ಗ್ರೀಕ್ ಮೂಲದ ಈ ಪದಕ್ಕೆ 'ಹೊನ್ನಿನ ಹೂ' ಎಂದರ್ಥ. ಮೆಡಿಟರೇನಿಯನ್ ತೀರದ ಸಸ್ಯಗಳನ್ನೂ ಪೂರ್ವ ಏಷ್ಯದ 'ಇಂಡಿಕಮ್' ಪ್ರಭೇದವನ್ನೂ ಅವನು ಅದರಲ್ಲಿ ಒಟ್ಟಿಗೆ ಇರಿಸಿದನು. 'ಇಂಡಿಕಮ್' ಎಂದ ಮಾತ್ರಕ್ಕೆ ಭಾರತವೇ ಅದರ ತವರೆಂದು ತಿಳಿಯಲಾಗದು. ಅಂದಿನ ಐರೋಪ್ಯರು 'ಇಂಡಿಯ' ಶಬ್ದವನ್ನು ಪೂರ್ವದೇಶಗಳಿಗೆಲ್ಲ ಸಡಿಲವಾಗಿ ಅನ್ವಯಿಸುತ್ತಿದ್ದರು. ಚೀನದಲ್ಲಿ ಬಹುಕಾಲದ ಕೃಷಿಯಿಂದ ರೂಪುಗೊಂಡ ತೋಟದ ಸೇವಂತಿಗೆಗೆ ಫ್ರಾನ್ಸಿನ ರಮತ್ಯುಯೆಲ್ 1792ರಲ್ಲಿ 'ಮೋರಿಫೋಲಿಯಮ್' ಎಂಬ ಪ್ರಭೇದನಾಮವನ್ನಿತ್ತನು. ಹಿಪ್ಪುನೇರಳೆಯಂಥ ಎಲೆಯುಳ್ಳದ್ದು ಎಂಬುದು ಇದರ ಅರ್ಥ.

ತೊಡಕು ಹುಟ್ಟಿದುದು ಮುಂದೆ. ಸಸ್ಯನಾಮಕರಣದ ನಿಯಮದಂತೆ ಪ್ರತಿಯೊಂದು ಜಾತಿಯ ಹೆಸರೂ ಒಂದು ಮಾದರಿ ಪ್ರಭೇದಕ್ಕೆ ಬದ್ಧವಾಗಿರುತ್ತದೆ. ಜಾತಿಯನ್ನು ಒಡೆದಾಗ ಮೂಲನಾಮವು ಮಾದರಿಯಿರುವ ಭಾಗಕ್ಕೇ ಸಲ್ಲಬೇಕು. ಕ್ರೈಸಾಂತಿಮಮ್ ಜಾತಿಯ ಮಾದರಿಯೆಂದು ಮನ್ನಣೆ ಪಡೆದಿದ್ದುದು ಮೆಡಿಟರೇನಿಯನ್ ತೀರದ 'ಕೊರೊನೇರಿಯಮ್'. 1961ರಲ್ಲಿ ರಷ್ಯದ ಸ್ವೆಲೇವ್ ಪೂರ್ವದ ಪ್ರಭೇದಗಳನ್ನು ಬೇರ್ಪಡಿಸಿ ಡೆಂಡ್ರಾಂತಿಮ ಜಾತಿಯಲ್ಲಿ ಸೇರಿಸಿದನು. ಲೋಕವೆಲ್ಲ ಕ್ರೈಸಾಂತಿಮಮ್ ಎಂದು ಕರೆಯುತ್ತಿದ್ದ ಹೂವಿಗೇ ಆ ಹೆಸರಿನ ಹಕ್ಕು ಇಲ್ಲವಾಯಿತು! ತೋಟಗಾರರೂ ಸಸಿ ಮಾರುವವರೂ ಹಳೆಯ ಹೆಸರನ್ನು ಬಿಡಲೊಲ್ಲದೆ ಹೋದರು.

ನಿಯಮಾವಳಿಯಲ್ಲಿಯೇ ಇದಕ್ಕೆ ಪರಿಹಾರವಿದ್ದಿತು. ರೂಢನಾಮವೊಂದನ್ನು ಉಳಿಸುವುದಕ್ಕಾಗಿ ಮಾದರಿಯನ್ನೇ ಬದಲಿಸಲು ಅದು ಅವಕಾಶವೀಯುತ್ತದೆ. 1999ರಲ್ಲಿ ಅಮೆರಿಕದ ಸೇಂಟ್ ಲೂಯಿಸಿನಲ್ಲಿ ನೆರೆದ ಅಂತರರಾಷ್ಟ್ರೀಯ ಸಸ್ಯವಿಜ್ಞಾನ ಸಮ್ಮೇಳನವು 'ಇಂಡಿಕಮ್' ಪ್ರಭೇದವನ್ನು ಮಾದರಿಯಾಗಿ ಅಂಗೀಕರಿಸಿತು. ಸೇವಂತಿಗೆಗೆ ಹಳೆಯ ಹೆಸರು ಮರಳಿತು. 'ಕೊರೊನೇರಿಯಮ್' ಗ್ಲೆಬಿಯೋನಿಸ್ ಜಾತಿಗೆ ಸೇರಿತು.

ಆಕರಗ್ರಂಥಗಳನ್ನು ಬಳಸುವ ವಿದ್ಯಾರ್ಥಿಗಳು ಇದನ್ನು ಮರೆಯಬಾರದು. 1961ರಿಂದ 1999ರ ನಡುವಣ ಗ್ರಂಥದಲ್ಲಿ ಡೆಂಡ್ರಾಂತಿಮ ಎಂದಿದ್ದರೆ ಅದು ನಮ್ಮ ಸೇವಂತಿಗೆಯೇ ಆಗಿರಬಹುದು. ಕ್ರೈಸಾಂತಿಮಮ್ ಎಂದಿದ್ದರೆ ಬೇರೊಂದು ಸಸ್ಯವೂ ಆಗಿರಬಹುದು. ಹೆಸರಿನೊಡನೆ ಗ್ರಂಥದ ವರ್ಷವನ್ನೂ ಗಮನಿಸಿದ ಬಳಿಕವೇ ಸಸ್ಯವನ್ನು ನಿರ್ಣಯಿಸುವುದು ಯುಕ್ತ.