ಮಲತಾಯಿ ಒಳ್ಳೆಯವಳಾಗಲು ಎಷ್ಟು ರೀಲು ಬೇಕು?

ಮಲತಾಯಿಯ ಕೇಡು ಅಜ್ಜಿಕತೆಯಷ್ಟು ಹಳೆಯದು, ಹೊಸ ಸಿನಿಮಾ ಆ ಕಳಂಕವನ್ನು ತೊಳೆದಿದೆ ಎಂದು ಚಿತ್ರರಸಿಕರಲ್ಲಿ ಹಲವರು ನಂಬಿದ್ದಾರೆ. ಎರಡೂ ಅರ್ಧ ನಿಜ.

ಧ್ರುವನಿಗೆ ತಂದೆಯ ತೊಡೆ ತಪ್ಪಿಸಿದ ಸುರುಚಿ ಹಳಬಳೇ. ಆದರೆ ಡಿಸ್ನಿ 1937ರಲ್ಲಿ ತೆರೆಗೆ ತಂದ ‘ಸ್ನೋ ವೈಟ್’ ಕತೆಯ ರಾಣಿ ಮೊದಲಿಗೆ ಮಲತಾಯಿಯೇ ಅಲ್ಲ. ಗ್ರಿಮ್ ಸಹೋದರರು 1812ರಲ್ಲಿ ಅಚ್ಚು ಹಾಕಿಸಿದ ಕತೆಯಲ್ಲಿ ಮಗಳ ಚೆಲುವಿಗೆ ಕರುಬಿ ಅವಳನ್ನು ಕೊಲ್ಲಿಸಲು ಹೊರಟವಳು ಹೆತ್ತ ತಾಯಿ. 1819ರ ಆವೃತ್ತಿಯಲ್ಲಿ ಹೆತ್ತವಳನ್ನು ಮಗು ಹುಟ್ಟಿದೊಡನೆ ಸಾಯಿಸಿ, ಪಾಪವನ್ನೆಲ್ಲ ಎರಡನೆಯವಳ ತಲೆಗೆ ಕಟ್ಟಿದರು. ತಾಯ್ತನಕ್ಕೆ ಮಸಿ ಹತ್ತಬಾರದಲ್ಲ!

ನಮ್ಮಲ್ಲೂ ಆ ತಲೆ ಬಹಳ ಭಾರ ಹೊತ್ತಿದೆ. ಪುಟ್ಟಣ್ಣ ಕಣಗಾಲರ ‘ಮಲ್ಲಮ್ಮನ ಪವಾಡ’ (1969) ತಮಿಳಿಗೆ ಹೋಗಿ, 1992ರಲ್ಲಿ ಹಿಂದಿಯ ‘ಬೇಟಾ’ ಆಗಿ, ಮರುವರ್ಷ ‘ಅಣ್ಣಯ್ಯ’ನಾಗಿ ಕನ್ನಡಕ್ಕೇ ಮರಳಿತು. ‘ಬೇಟಾ’ದ ಮಗ ವಿಷ ಬೆರೆಸಿದ ಹಾಲು ಕುಡಿಯುತ್ತಾನೆ, ಮಲತಾಯಿಯ ಮನಸ್ಸು ಅದರಿಂದ ಕರಗುತ್ತದೆ. ವರ್ಷಗಟ್ಟಲೆಯ ಹಗೆಗೆ ಒಂದು ಲೋಟ ಹಾಲು!

ಇನ್ನು ಒಳ್ಳೆಯ ಮಲತಾಯಿ. ಜೂಲಿಯಾ ರಾಬರ್ಟ್ಸ್ ಮತ್ತು ಸುಸಾನ್ ಸರಾಂಡನ್ ನಟಿಸಿದ ‘ಸ್ಟೆಪ್‌ಮಾಮ್’ (1998) ಹಿಂದಿಯಲ್ಲಿ ಕಾಜೋಲ್, ಕರೀನಾ ಅವರ ‘ವಿ ಆರ್ ಫ್ಯಾಮಿಲಿ’ (2010) ಆಯಿತು. ಇಲ್ಲಿ ಕೇಡಿಗಳೇ ಇಲ್ಲ. ಮಕ್ಕಳ ಮುನಿಸು, ಇಬ್ಬರು ಹೆಂಗಸರ ಜಟಾಪಟಿ ಎಲ್ಲವೂ ನಂಬುವಂತಿವೆ. ಆದರೆ ಗಂಟು ಬಿಚ್ಚುವುದು ಹೇಗೆ? ಹೆತ್ತ ತಾಯಿಗೆ ಕ್ಯಾನ್ಸರ್. ಹೊಸಬಳಿಗೆ ಜಾಗವಾಗಬೇಕಾದರೆ ಹಳಬಳು ಹೊರಡಬೇಕು. ಗ್ರಿಮ್ ಸಹೋದರರು ಮೊದಲ ಪುಟದಲ್ಲಿ ತಂದ ಸಾವನ್ನು ಹಾಲಿವುಡ್ ಕೊನೆಗೆ ತಂದಿತು, ಅಷ್ಟೆ.

ವಿಚ್ಛೇದನದ ನಂತರ ಕೂಡಿಕೊಂಡ ಮನೆಗಳಲ್ಲಿ ಹೆತ್ತವಳು ಸಾಮಾನ್ಯವಾಗಿ ಇನ್ನೊಂದು ಮನೆಯಲ್ಲಿ ಬದುಕಿಯೇ ಇರುತ್ತಾಳೆ. ಇಂಥ ಕುಟುಂಬಗಳನ್ನು ದಶಕಗಳಿಂದ ಬಲ್ಲ ಅಮೆರಿಕದ ಮನಃಶಾಸ್ತ್ರಜ್ಞೆ ಪೆಟ್ರೀಷಿಯಾ ಪೇಪರ್‌ನೌ ಮಕ್ಕಳ ಇಕ್ಕಟ್ಟನ್ನು ಗುರುತಿಸಿದ್ದಾರೆ: ಹೊಸಬಳನ್ನು ಮೆಚ್ಚಿದರೆ ಅಮ್ಮನಿಗೆ ದ್ರೋಹ ಬಗೆದಂತೆ. ಹಾಗಾಗಿ ಮಲತಾಯಿ ಒಳ್ಳೆಯವಳಾದಷ್ಟೂ ಮಗುವಿನ ಸಂಕಟ ಹೆಚ್ಚಬಹುದು. ಬೇಗ ಹೊಂದಿಕೊಳ್ಳುವ ಮನೆಗೂ ಸುಮಾರು 4 ವರ್ಷ, ಹಲವಕ್ಕೆ 7 ಅಥವಾ ಹೆಚ್ಚು ಬೇಕೆನ್ನುತ್ತಾರೆ ಅವರು. ಮೊದಲು ಸ್ನೇಹ ಬೆಳೆಯಲಿ, ಗದರುವ ಕೆಲಸ ಹೆತ್ತವರಿಗಿರಲಿ ಎಂಬುದು ಅವರ ಸಲಹೆ. ಎರಡೂವರೆ ಗಂಟೆಯ ಚಿತ್ರಕ್ಕೆ ಅಷ್ಟು ವ್ಯವಧಾನ ಎಲ್ಲಿಂದ ಬರಬೇಕು?

ರಿಚರ್ಡ್ ಲಿಂಕ್‌ಲೇಟರ್ ಮಾತ್ರ ಅದೇ ನಟರನ್ನಿಟ್ಟುಕೊಂಡು ‘ಬಾಯ್‌ಹುಡ್’ (2014) ಚಿತ್ರವನ್ನು 12 ವರ್ಷಗಳುದ್ದಕ್ಕೂ ತೆಗೆದರು. ಅಲ್ಲಿನ ಮಲತಂದೆ ಕುಡುಕ, ಅದೇನೂ ಹೊಸತಲ್ಲ. ಹೊಸತೆಂದರೆ ಅವನ ಮಕ್ಕಳ ಪಾಡು. ಹೊಡೆತ ತಾಳದೆ ತಾಯಿ ತನ್ನಿಬ್ಬರನ್ನು ಕರೆದುಕೊಂಡು ಹೊರಡುವಾಗ, ಜತೆಯಲ್ಲೇ ಬೆಳೆದ ಆ ಇಬ್ಬರನ್ನು ಕರೆದೊಯ್ಯುವ ಹಕ್ಕು ಅವಳಿಗಿಲ್ಲ. ಅವರನ್ನು ಮತ್ತೆ ಕತೆಯೊಳಕ್ಕೆ ಎಳೆದು ತಂದು ನಮ್ಮನ್ನು ಸಮಾಧಾನಪಡಿಸಲು ನಿರ್ದೇಶಕ ಹೋಗುವುದಿಲ್ಲ.